ಅಂಗಾಲಿನ ಮಚ್ಚೆ, ರಾಗಿ ಕಾಳಿನಷ್ಟು ಆಳ

ಮೈಮೇಲಿನ ಮಚ್ಚೆಗೆ ನಮ್ಮಲ್ಲಿ ಒಂದು ಶಾಸ್ತ್ರವೇ ಇದೆ. ಜಾತ್ರೆಗಳಲ್ಲಿ ಮಾರುವ ಅಗ್ಗದ ಪುಸ್ತಕಗಳಲ್ಲಿ ಅದರ ಫಲಾಫಲಗಳು ಇಂದಿಗೂ ಅಚ್ಚಾಗುತ್ತವೆ. ನಾಲಿಗೆಯ ಮೇಲೆ ಮಚ್ಚೆ ಇದ್ದವರು ಆಡಿದ್ದು ನಿಜವಾಗುತ್ತದೆ. ಅಂಗಾಲಿನಲ್ಲಿ ಇದ್ದವರ ಕಾಲು ಒಂದೆಡೆ ನಿಲ್ಲುವುದಿಲ್ಲ, ಊರೂರು ಸುತ್ತುತ್ತಾರೆ ಎಂಬುದು ನಂಬಿಕೆ. ನಮ್ಮ ಪ್ರಾಚೀನ ವೈದ್ಯರೂ ಮಚ್ಚೆಯನ್ನು ಗಮನಿಸದೆ ಬಿಟ್ಟಿರಲಿಲ್ಲ. ಎಳ್ಳಿನ ಗಾತ್ರದ, ಕಪ್ಪಾದ, ನೋವಿಲ್ಲದ, ಚರ್ಮದ ಮಟ್ಟಕ್ಕೇ ಇರುವ ಚುಕ್ಕೆಯನ್ನು ಸುಶ್ರುತ ಸಂಹಿತೆ 'ತಿಲಕಾಲಕ' ಎಂದು ಕರೆದು ಕ್ಷುದ್ರರೋಗಗಳ ಸಾಲಿನಲ್ಲಿ ಸೇರಿಸಿದೆ. ಆಳಕ್ಕೆ ಬೇರೂರಿ ನಿಧಾನವಾಗಿ ಬೆಳೆಯುವ ಗೆಡ್ಡೆಯಾದ 'ಅರ್ಬುದ'ಕ್ಕೆ ಅದೇ ಗ್ರಂಥದಲ್ಲಿ ಬೇರೆ ಅಧ್ಯಾಯ. ನಿದಾನಸ್ಥಾನದಲ್ಲಿ ಈ ಎರಡು ಅಧ್ಯಾಯಗಳ ನಡುವೆ ಇರುವುದು ಒಂದೇ ಒಂದು ಅಧ್ಯಾಯದ ಅಂತರ.

ಎಳ್ಳಿನಂಥ ಚುಕ್ಕೆಗೂ ಅರ್ಬುದಕ್ಕೂ ಇರುವ ನಂಟು ವೈದ್ಯವಿಜ್ಞಾನಕ್ಕೆ ಸ್ಪಷ್ಟವಾದದ್ದು ಕಳೆದ ಇನ್ನೂರು ವರ್ಷಗಳಲ್ಲಿ ಮಾತ್ರ. ಚರ್ಮಕ್ಕೆ ಬಣ್ಣ ಕೊಡುವ ಮೆಲನಿನ್ ಎಂಬ ದ್ರವ್ಯವನ್ನು ತಯಾರಿಸುವ ಜೀವಕೋಶಗಳು ಹದ್ದು ಮೀರಿ ಬೆಳೆಯತೊಡಗಿದಾಗ ಉಂಟಾಗುವ ಕ್ಯಾನ್ಸರಿಗೆ ಮೆಲನೋಮಾ ಎಂದು ಹೆಸರು. ಮಚ್ಚೆ ಇರುವವರೆಲ್ಲ ಹೆದರಬೇಕಾಗಿಲ್ಲ. ಸಾವಿರಾರು ಮಚ್ಚೆಗಳಲ್ಲಿ ಒಂದೂ ಹೀಗಾಗದೆ ಇರಬಹುದು. ಎಷ್ಟೋ ಮೆಲನೋಮಾಗಳು ಮಚ್ಚೆಯೇ ಇಲ್ಲದ ಚರ್ಮದಲ್ಲಿ ಹೊಸದಾಗಿ ಹುಟ್ಟುತ್ತವೆ. ಆದರೆ ಹುಟ್ಟಿದ ಮೇಲೆ ಚರ್ಮದ ಕ್ಯಾನ್ಸರುಗಳಲ್ಲೆಲ್ಲ ಇದರಷ್ಟು ಬೇಗ ದೇಹದ ಬೇರೆಡೆಗೆ ಹರಡುವಂಥವು ಕಡಿಮೆ.

ಬೆಂಗಳೂರು ನಗರ ಜಿಲ್ಲೆಯ ಆನೇಕಲ್ ತಾಲ್ಲೂಕಿನಲ್ಲಿ ರಾಗಿ ಹೊಲ, ರೇಷ್ಮೆ ಮಗ್ಗ, ಕಾರ್ಖಾನೆಯ ಶೆಡ್ಡು ಒಂದರ ಪಕ್ಕ ಒಂದಿವೆ. ಬನ್ನೇರುಘಟ್ಟದ ಕಾಡಂಚಿನಿಂದ ಅತ್ತಿಬೆಲೆಯ ಗಡಿಯವರೆಗೆ ಹಬ್ಬಿದ ಈ ಸೀಮೆಯಲ್ಲಿ ಹೊಲದವನ ಕಾಲು ಬರಿಗಾಲು, ಶೆಡ್ಡಿನವನ ಕಾಲು ದಿನವಿಡೀ ಬೂಟಿನೊಳಗೆ. ಅಂಗಾಲನ್ನು ತಿರುಗಿಸಿ ನೋಡುವ ಅಭ್ಯಾಸ ಇಬ್ಬರಿಗೂ ಇಲ್ಲ. ಹಿಮ್ಮಡಿಯಲ್ಲಿ ಕಪ್ಪು ಕಲೆ ಕಂಡರೆ ಮುಳ್ಳು ಚುಚ್ಚಿ ರಕ್ತ ಹೆಪ್ಪುಗಟ್ಟಿದೆ ಎನ್ನುತ್ತಾರೆ. ಗಂಟಾದರೆ ಆಣಿ, ಬ್ಲೇಡಿನಿಂದ ಹೆರೆದು ಅಂಗಡಿಯ ಪಟ್ಟಿ ಅಂಟಿಸುತ್ತಾರೆ. ಉಗುರಿನಡಿ ಕಪ್ಪಾದರೆ ಉಗುರುಸುತ್ತು, ಒಡೆದು ಹುಣ್ಣಾದರೆ ಸಕ್ಕರೆ ಕಾಯಿಲೆಯ ಹುಣ್ಣು. ಹತ್ತರಲ್ಲಿ ಒಂಬತ್ತು ಸಲ, ಬಹುಶಃ ಅದಕ್ಕಿಂತಲೂ ಹೆಚ್ಚು ಸಲ, ಈ ಊಹೆ ಸರಿಯೇ ಆಗಿರುತ್ತದೆ. ತೊಡಕಿರುವುದು ಉಳಿದ ಆ ಒಂದರಲ್ಲಿ.

ಮೆಲನೋಮಾ ಬಿಳಿಯರ ರೋಗ, ಬಿಸಿಲಿನ ರೋಗ ಎಂಬ ಮಾತು ಬಹುಕಾಲ ಪ್ರಚಲಿತವಾಗಿತ್ತು. ಇದಕ್ಕೆ ಆಧಾರವೂ ಇಲ್ಲದಿರಲಿಲ್ಲ. ಯುರೋಪು ಮೂಲದ ಜನರಲ್ಲಿ ಸಮಭಾಜಕಕ್ಕೆ ಹತ್ತಿರ ಹೋದಂತೆಲ್ಲ ಈ ರೋಗದಿಂದ ಸಾಯುವವರ ಪ್ರಮಾಣ ಏರುತ್ತದೆ ಎಂದು ಆಸ್ಟ್ರೇಲಿಯಾದ ಸಂಖ್ಯಾಶಾಸ್ತ್ರಜ್ಞ ಹೆನ್ರಿ ಲ್ಯಾಂಕಾಸ್ಟರ್ 1956ರಲ್ಲಿ ತೋರಿಸಿದ. ಇಂದಿಗೂ ಆಸ್ಟ್ರೇಲಿಯಾದಲ್ಲಿ ವರ್ಷಕ್ಕೆ ಲಕ್ಷ ಜನರಲ್ಲಿ ಮೂವತ್ತಕ್ಕೂ ಹೆಚ್ಚು ಮಂದಿಗೆ ಮೆಲನೋಮಾ ಬರುತ್ತದೆ. ಭಾರತದಲ್ಲಿ ಆ ಸಂಖ್ಯೆ ಒಂದನ್ನೂ ಮುಟ್ಟುವುದಿಲ್ಲ. ಕಪ್ಪು ಚರ್ಮದ ಮೆಲನಿನ್ ಕೊಡೆಯಂತೆ ಬಿಸಿಲನ್ನು ತಡೆಯುತ್ತದೆ.

ಆದರೆ ಬಿಸಿಲೇ ಬೀಳದ ಜಾಗಗಳಲ್ಲಿ ಹುಟ್ಟುವ ಮೆಲನೋಮಾದ ಬಗೆಯೊಂದಿದೆ. ಅಂಗಾಲು, ಅಂಗೈ, ಉಗುರಿನಡಿ ಅದರ ನೆಲೆ. ಅಮೆರಿಕದ ರೋಗಶಾಸ್ತ್ರಜ್ಞ ರಿಚರ್ಡ್ ರೀಡ್ 1976ರಲ್ಲಿ ಅದನ್ನು ಪ್ರತ್ಯೇಕ ಬಗೆಯೆಂದು ವಿವರಿಸಿದ. ಬಿಳಿಯರಲ್ಲಿ ಇದು ನೂರಕ್ಕೆ ಎರಡು ಮೂರರಷ್ಟು ಮಾತ್ರ. ಜಪಾನ್, ಚೀನಾಗಳಲ್ಲಿ ಮೆಲನೋಮಾ ರೋಗಿಗಳ ಅರ್ಧದಷ್ಟು ಜನರಿಗೆ ಬರುವುದು ಇದೇ. ನಮ್ಮ ದೇಶದ ಆಸ್ಪತ್ರೆಗಳ ವರದಿಗಳಲ್ಲೂ ಅಂಗಾಲು ಮತ್ತು ಗುದದ್ವಾರದ ಒಳಪದರ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತವೆ. ಬರಿಗಾಲಿನ ನಡಿಗೆಯೇ ಕಾರಣ ಎನ್ನಲು ಆಧಾರ ಸಾಲದು. ದೇಹದ ಭಾರ ಬೀಳುವ ಹಿಮ್ಮಡಿ ಮತ್ತು ಮುಂಗಾಲಿನ ಭಾಗದಲ್ಲಿ ಇದು ಹೆಚ್ಚು ಎಂಬುದನ್ನು ಮಾತ್ರ ಜಪಾನಿನ ವೈದ್ಯರು ಗುರುತಿಸಿದ್ದಾರೆ.

ಜಮೈಕಾದ ಗಾಯಕ ಬಾಬ್ ಮಾರ್ಲಿಯ ಕಥೆ ಜಗತ್ತಿಗೇ ಗೊತ್ತು. 1977ರಲ್ಲಿ ಅವನ ಬಲಗಾಲಿನ ಹೆಬ್ಬೆರಳಿನ ಉಗುರಿನಡಿ ಕಂಡ ಗಾಯವನ್ನು ಫುಟ್ಬಾಲ್ ಆಡುವಾಗ ಆದ ಪೆಟ್ಟು ಎಂದುಕೊಳ್ಳಲಾಗಿತ್ತು. ಪರೀಕ್ಷೆಯಲ್ಲಿ ಮೆಲನೋಮಾ ಎಂದು ತಿಳಿಯಿತು. ಬೆರಳನ್ನೇ ಕತ್ತರಿಸಬೇಕೆಂಬ ಸಲಹೆಗೆ ಅವನು ಒಪ್ಪಲಿಲ್ಲ. ಉಗುರಿನ ಭಾಗವನ್ನಷ್ಟೇ ತೆಗೆದು ಚರ್ಮದ ಕಸಿ ಮಾಡಲಾಯಿತು. 1981ರ ಮೇ 11ರಂದು, 36ನೆಯ ವಯಸ್ಸಿನಲ್ಲಿ, ರೋಗ ಮೆದುಳು ಮತ್ತು ಶ್ವಾಸಕೋಶಕ್ಕೆ ಹರಡಿ ತೀರಿಕೊಂಡ. ಫುಟ್ಬಾಲಿನ ಪೆಟ್ಟಿನಿಂದಲೇ ಕ್ಯಾನ್ಸರ್ ಬಂತೆಂಬ ದಂತಕಥೆ ಇನ್ನೂ ಓಡಾಡುತ್ತಿದೆ. ಪೆಟ್ಟು ರೋಗ ತಂದಿತು ಎನ್ನುವುದಕ್ಕಿಂತ, ರೋಗವನ್ನು ಪೆಟ್ಟೆಂದು ಭಾವಿಸಲಾಯಿತು ಎನ್ನುವುದು ಸತ್ಯಕ್ಕೆ ಹತ್ತಿರ.

ಈ ರೋಗದ ಮೊದಲ ಪುರಾವೆಗಳಲ್ಲೊಂದು ಲಂಡನ್ನಿನ ವಸ್ತುಸಂಗ್ರಹಾಲಯದ ಒಂದು ಜಾಡಿಯಲ್ಲಿದೆ. 1787ರಲ್ಲಿ ಪ್ರಸಿದ್ಧ ಶಸ್ತ್ರವೈದ್ಯ ಜಾನ್ ಹಂಟರ್ 35 ವರ್ಷದ ಒಬ್ಬನ ದವಡೆಯ ಹಿಂದಿನ ಗೆಡ್ಡೆಯನ್ನು ಕೊಯ್ದು ತೆಗೆದ. ಒಮ್ಮೆ ತೆಗೆದ ಮೇಲೂ ಮರಳಿ ಬಂದ ಗೆಡ್ಡೆ ಅದು. ಅದೇನೆಂದು ಹಂಟರನಿಗೆ ತಿಳಿಯಲಿಲ್ಲ, ಆದರೆ ಎಸೆಯಲಿಲ್ಲ. 1968ರಲ್ಲಿ, ಅಂದರೆ 181 ವರ್ಷಗಳ ನಂತರ, ಅದರ ತುಣುಕನ್ನು ಸೂಕ್ಷ್ಮದರ್ಶಕದಡಿ ಇಟ್ಟಾಗ ಮೆಲನೋಮಾ ಎಂದು ಖಚಿತವಾಯಿತು. ರೋಗಕ್ಕೆ ಪ್ರತ್ಯೇಕ ಅಸ್ತಿತ್ವ ಕೊಟ್ಟವನು ಫ್ರಾನ್ಸಿನ ಲೆನೆಕ್; ಮುಂದೆ ಸ್ಟೆತಾಸ್ಕೋಪನ್ನು ಕಂಡುಹಿಡಿದವನೂ ಅವನೇ. ಹತ್ತೊಂಬತ್ತನೆಯ ಶತಮಾನದ ಆರಂಭದಲ್ಲಿ, ಇನ್ನೂ ವಿದ್ಯಾರ್ಥಿಯಾಗಿದ್ದಾಗಲೇ, ಶ್ವಾಸಕೋಶದಲ್ಲಿ ಕಾಣುವ ಈ ಕಪ್ಪು ಗೆಡ್ಡೆಗಳು ಹೊಗೆಯ ಮಸಿಯಿಂದ ಆದವಲ್ಲ, ಬೇರೆಯೇ ರೋಗ ಎಂದು ಅವನು ವಾದಿಸಿದ. ಕಂಡುಹಿಡಿದ ಕೀರ್ತಿ ಯಾರದೆಂಬ ವಿಷಯದಲ್ಲಿ ಗುರು ದ್ಯುಪ್ವಿತ್ರನ್‌ಗೂ ಶಿಷ್ಯನಿಗೂ ಮನಸ್ತಾಪವಾಯಿತು.

ಇಂಗ್ಲೆಂಡಿನ ಸ್ಟೌರ್‌ಬ್ರಿಜ್ ಎಂಬ ಊರಿನ ಸಾಮಾನ್ಯ ವೈದ್ಯ ವಿಲಿಯಂ ನಾರಿಸ್ ಯಾವ ದೊಡ್ಡ ಆಸ್ಪತ್ರೆಯ ಬೆಂಬಲವೂ ಇಲ್ಲದೆ ಮಾಡಿದ ಕೆಲಸ ಇವರಿಬ್ಬರದಕ್ಕಿಂತ ಕಡಿಮೆಯದಲ್ಲ. 1820ರಲ್ಲಿ ಅವನು ದಾಖಲಿಸಿದ ರೋಗಿಯ ತಂದೆಗೂ ಅಂಥದೇ ರೋಗ ಬಂದಿತ್ತು. ಇದು ಕೆಲವು ಮನೆತನಗಳಲ್ಲಿ ಬರುವ ರೋಗವಿರಬಹುದು, ಮಚ್ಚೆಗೂ ಇದಕ್ಕೂ ಸಂಬಂಧವಿದೆ ಎಂದು ಅವನು ಬರೆದದ್ದನ್ನು ವಿಜ್ಞಾನ ಒಪ್ಪಲು ನೂರು ವರ್ಷಕ್ಕೂ ಹೆಚ್ಚು ಕಾಲ ಬೇಕಾಯಿತು. ತಾಲ್ಲೂಕು ಮಟ್ಟದ ಒಬ್ಬ ವೈದ್ಯ ಕಣ್ಣು ತೆರೆದು ನೋಡಿದರೆ ಎಷ್ಟು ಕಾಣಬಹುದು ಎನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ.

ಚಿಕಿತ್ಸೆಯೆಂದರೆ ಕೊಯ್ದು ತೆಗೆಯುವುದು, ಅಷ್ಟೆ. ಆದರೆ ಎಷ್ಟು ಅಗಲಕ್ಕೆ? ಲಂಡನ್ನಿನ ಶಸ್ತ್ರವೈದ್ಯ ಸ್ಯಾಂಪ್ಸನ್ ಹ್ಯಾಂಡ್ಲಿ 1907ರಲ್ಲಿ, ರೋಗದಿಂದ ಮೃತಪಟ್ಟ ಒಬ್ಬಳೇ ಮಹಿಳೆಯ ದೇಹವನ್ನು ಪರೀಕ್ಷಿಸಿ, ಗೆಡ್ಡೆಯ ಸುತ್ತ ಅಗಲವಾಗಿ, ಆಳವಾಗಿ ತೆಗೆಯಬೇಕೆಂದು ಉಪನ್ಯಾಸ ಕೊಟ್ಟ. ಆ ಒಂದು ದೇಹದ ಆಧಾರದ ಮೇಲೆ ಮುಂದೆ ಐದು ಸೆಂಟಿಮೀಟರ್ ಅಂಚಿನ ನಿಯಮ ಬೆಳೆದು ನಿಂತಿತು. ಸಣ್ಣ ಕಲೆಗೂ ಅಂಗೈಯಗಲದ ಗಾಯ, ಅದರ ಮೇಲೆ ತೊಡೆಯಿಂದ ತೆಗೆದ ಚರ್ಮದ ಕಸಿ! ತೆಳುವಾದ ಮೆಲನೋಮಾಕ್ಕೆ ಒಂದು ಸೆಂಟಿಮೀಟರ್ ಅಂಚು ಸಾಕು, ಮೂರು ಸೆಂಟಿಮೀಟರ್ ತೆಗೆದರೂ ಬದುಕುವವರ ಸಂಖ್ಯೆ ಹೆಚ್ಚುವುದಿಲ್ಲ ಎಂದು ಇಟಲಿಯ ಉಂಬೆರ್ಟೊ ವೆರೊನೇಸಿ ನೇತೃತ್ವದ ಪ್ರಯೋಗ ತೋರಿಸಿದ್ದು 1988ರಲ್ಲಿ. ಇಂದು ದಪ್ಪನೆಯ ಗೆಡ್ಡೆಗೂ ಎರಡು ಸೆಂಟಿಮೀಟರ್ ಅಂಚು ಸಾಕೆನ್ನುತ್ತಾರೆ. ಅಂಗಾಲಿನಲ್ಲಿ ಈ ವ್ಯತ್ಯಾಸ ಚಿಕ್ಕದಲ್ಲ. ರೋಗಿ ಮತ್ತೆ ಹಿಮ್ಮಡಿ ಊರಿ ಹೊಲಕ್ಕೆ ನಡೆಯುತ್ತಾನೋ ಇಲ್ಲವೋ ಎಂಬುದು ಅದನ್ನೇ ಅವಲಂಬಿಸಿರುತ್ತದೆ.

ಅಗಲದ ಚರ್ಚೆ ನಡೆಯುತ್ತಿದ್ದಾಗಲೇ ಇಬ್ಬರು ಅಮೆರಿಕನ್ ರೋಗಶಾಸ್ತ್ರಜ್ಞರು ಗಮನವನ್ನು ಆಳದ ಕಡೆ ತಿರುಗಿಸಿದರು. 1969ರಲ್ಲಿ ವ್ಯಾಲೇಸ್ ಕ್ಲಾರ್ಕ್, ಗೆಡ್ಡೆ ಚರ್ಮದ ಯಾವ ಪದರದವರೆಗೆ ಇಳಿದಿದೆ ಎಂಬುದನ್ನು ನೋಡಿ ಐದು ಹಂತಗಳನ್ನು ಗುರುತಿಸಿದ. ಮರುವರ್ಷವೇ ಅಲೆಕ್ಸಾಂಡರ್ ಬ್ರೆಸ್ಲೊ ಇನ್ನೂ ಸರಳವಾದ ಉಪಾಯ ಹೇಳಿದ: ಪದರಗಳ ಹೆಸರು ಬೇಡ, ಸೂಕ್ಷ್ಮದರ್ಶಕದ ಕಣ್ಣುಗಾಜಿನಲ್ಲಿ ಅಳತೆಪಟ್ಟಿ ಹಾಕಿ ಗೆಡ್ಡೆಯ ದಪ್ಪವನ್ನು ಮಿಲಿಮೀಟರಿನಲ್ಲಿ ಅಳೆಯಿರಿ. ಅವನು ಅಳೆದದ್ದು 98 ರೋಗಿಗಳ ಗೆಡ್ಡೆಗಳನ್ನು. 0.76 ಮಿಲಿಮೀಟರಿಗಿಂತ ತೆಳುವಾಗಿದ್ದ ಯಾವ ಗೆಡ್ಡೆಯೂ ಐದು ವರ್ಷಗಳಲ್ಲಿ ಮರಳಿರಲಿಲ್ಲ, ಹರಡಿರಲಿಲ್ಲ. ವೈದ್ಯಶಾಸ್ತ್ರದಲ್ಲಿ ಇಷ್ಟು ಅಗ್ಗದ ಸಲಕರಣೆಯಿಂದ ಇಷ್ಟು ದೊಡ್ಡ ಭವಿಷ್ಯ ಹೇಳಿದ ಉದಾಹರಣೆಗಳು ವಿರಳ.

ರಾಗಿ ಕಾಳಿನ ಅಡ್ಡಳತೆ ಸುಮಾರು ಒಂದರಿಂದ ಒಂದೂವರೆ ಮಿಲಿಮೀಟರ್. ಆನೇಕಲ್ಲಿನ ಓದುಗರಿಗೆ ಈ ರೋಗದ ಹಂತಗಳನ್ನು ತಿಳಿಸಲು ಇದಕ್ಕಿಂತ ತಕ್ಕ ಮಾಪಕ ಬೇಡ. ರೋಗ ಇನ್ನೂ ಮೇಲ್ಚರ್ಮದಲ್ಲೇ ಇದ್ದರೆ ಅದು ಸೊನ್ನೆಯ ಹಂತ. ಇಳಿದಿದ್ದರೂ ಒಂದು ಕಾಳಿನ ದಪ್ಪವನ್ನು ದಾಟದೆ, ಮೇಲ್ಮೈ ಹುಣ್ಣಾಗದೆ ಇದ್ದರೆ ಮೊದಲ ಹಂತ. ಹುಣ್ಣಿಲ್ಲದಿದ್ದರೆ ಎರಡು ಮಿಲಿಮೀಟರ್ ತನಕವೂ ಇದೇ ಹಂತ. ಅದಕ್ಕಿಂತ ದಪ್ಪವಾದರೆ, ಅಥವಾ ಒಂದು ಮಿಲಿಮೀಟರ್ ಮೀರಿದ್ದು ಒಡೆದು ಹುಣ್ಣಾದರೆ, ಎರಡನೆಯ ಹಂತ. ಹತ್ತಿರದ ದುಗ್ಧಗ್ರಂಥಿಗಳಿಗೆ ಹೋದರೆ ಮೂರನೆಯದು. ಶ್ವಾಸಕೋಶ, ಯಕೃತ್ತು, ಮೆದುಳಿನಂಥ ದೂರದ ಅಂಗಗಳಿಗೆ ಹೋದರೆ ನಾಲ್ಕನೆಯದು. 2018ರಿಂದ ಬಳಕೆಯಲ್ಲಿರುವ ಅಂತಾರಾಷ್ಟ್ರೀಯ ಹಂತಸೂಚಿಯ ಪ್ರಕಾರ ಮೊದಲ ಹಂತದವರಲ್ಲಿ ನೂರಕ್ಕೆ 98 ಮಂದಿ ಐದು ವರ್ಷಗಳ ನಂತರವೂ ಈ ರೋಗಕ್ಕೆ ಬಲಿಯಾಗಿರುವುದಿಲ್ಲ. ಎರಡನೆಯದರಲ್ಲಿ 90. ಮೂರನೆಯದರಲ್ಲಿ ಒಟ್ಟಾರೆ 77. ಆದರೆ ಅದರ ಒಳವಿಭಾಗಗಳ ನಡುವೆ ಅಜಗಜಾಂತರ. ಮೊದಲ ಉಪಹಂತದಲ್ಲಿ 93, ಕೊನೆಯದರಲ್ಲಿ 32. ಇವೆಲ್ಲ ಮುಖ್ಯವಾಗಿ ಬಿಳಿಯ ರೋಗಿಗಳ ಲೆಕ್ಕಗಳು ಎಂಬುದನ್ನು ಮರೆಯಬಾರದು. ಅಂಗಾಲಿನ ಬಗೆಯಲ್ಲಿ ಫಲಿತಾಂಶ ಇಷ್ಟು ಒಳ್ಳೆಯದಿರುವುದಿಲ್ಲ, ತಡವಾಗಿ ಪತ್ತೆಯಾಗುವುದು ಅದಕ್ಕೊಂದು ಮುಖ್ಯ ಕಾರಣ.

ಅಂಗಾಲಿನಲ್ಲಿ ಹುಣ್ಣಾದರೆ ತೊಡೆಸಂದಿನಲ್ಲಿ ಗಂಟು ಏಳುತ್ತದೆಂಬುದು ಹಳ್ಳಿಯವರಿಗೆಲ್ಲ ಗೊತ್ತಿರುವ ಸಂಗತಿ. ರೋಗ ಹೋಗುವ ದಾರಿಯೂ ಅದೇ. ಆದ್ದರಿಂದ ಮೆಲನೋಮಾ ಕಂಡೊಡನೆ ಆ ಭಾಗದ ಗ್ರಂಥಿಗಳನ್ನೆಲ್ಲ ಮುಂಜಾಗ್ರತೆಯಾಗಿ ತೆಗೆದುಹಾಕುವ ಪದ್ಧತಿ ದಶಕಗಳ ಕಾಲ ನಡೆಯಿತು. ಹಲವರಿಗೆ ಬದುಕಿಡೀ ಆನೆಕಾಲಿನಂತೆ ಊದಿದ ಕಾಲು ಉಳಿಯುತ್ತಿತ್ತು. ಕ್ಯಾಲಿಫೋರ್ನಿಯದ ಡೊನಾಲ್ಡ್ ಮಾರ್ಟನ್ 1992ರಲ್ಲಿ ಒಂದು ಹೊಸ ಹಾದಿ ತೋರಿಸಿದ. ಗೆಡ್ಡೆಯ ಬಳಿ ನೀಲಿ ಬಣ್ಣ ಚುಚ್ಚಿದರೆ ಅದು ಮೊದಲು ಯಾವ ಗ್ರಂಥಿಗೆ ತಲುಪುತ್ತದೋ ಅದೇ ಊರಬಾಗಿಲಿನ ಕಾವಲುಗಾರ. ಅದೊಂದನ್ನು ತೆಗೆದು ಪರೀಕ್ಷಿಸಿದರೆ ಸಾಕು. ಕಾವಲಿನ ಗ್ರಂಥಿಯಲ್ಲಿ ರೋಗ ಸಿಕ್ಕರೂ ಉಳಿದವುಗಳನ್ನೆಲ್ಲ ತೆಗೆಯುವುದರಿಂದ ಆಯುಷ್ಯ ಹೆಚ್ಚುವುದಿಲ್ಲ ಎಂದು 2017ರ ದೊಡ್ಡ ಪ್ರಯೋಗವೊಂದು ತಿಳಿಸಿತು. ಹ್ಯಾಂಡ್ಲಿಯ ಅಂಚಿನಂತೆ ಇಲ್ಲಿಯೂ ಕತ್ತಿ ಹಿಂದೆ ಸರಿಯಿತು.

ನಾಲ್ಕನೆಯ ಹಂತಕ್ಕೆ ಮಾತ್ರ 2011ರವರೆಗೆ ಉತ್ತರವೇ ಇರಲಿಲ್ಲ ಎನ್ನಬಹುದು. 1975ರಲ್ಲಿ ಅಮೆರಿಕದಲ್ಲಿ ಒಪ್ಪಿಗೆ ಪಡೆದ ಡಕಾರ್ಬಜೀನ್ ಎಂಬ ಔಷಧವೇ ಮೂರೂವರೆ ದಶಕ ಪ್ರಮಾಣಚಿಕಿತ್ಸೆಯಾಗಿತ್ತು. ಗೆಡ್ಡೆ ಕುಗ್ಗುತ್ತಿದ್ದುದು ಏಳೆಂಟು ರೋಗಿಗಳಲ್ಲಿ ಒಬ್ಬನಿಗೆ. ವಿಕಿರಣಕ್ಕೂ ಇದು ಸುಲಭವಾಗಿ ಬಗ್ಗುವ ಕ್ಯಾನ್ಸರಲ್ಲ. ಆದರೂ ಚಿಕಿತ್ಸೆಯಿಲ್ಲದೆಯೇ ಗೆಡ್ಡೆ ಕರಗಿಹೋದ ಅಪರೂಪದ ಪ್ರಸಂಗಗಳು ಈ ರೋಗದಲ್ಲಿ ಆಗಾಗ ವರದಿಯಾಗುತ್ತಿದ್ದವು. ದೇಹದ ರೋಗನಿರೋಧಕ ಶಕ್ತಿ ಇದನ್ನು ಗುರುತಿಸಬಲ್ಲದೆಂಬ ಶಂಕೆ ಹುಟ್ಟಿದ್ದು ಹಾಗೆ. ಕಾವಲುಗ್ರಂಥಿಯ ಮಾರ್ಟನ್ನನೇ 1970ರ ಸುಮಾರಿಗೆ, ನಮ್ಮ ಮಕ್ಕಳಿಗೆಲ್ಲ ಹಾಕುವ ಬಿ.ಸಿ.ಜಿ. ಲಸಿಕೆಯನ್ನು ಗೆಡ್ಡೆಯೊಳಗೆ ಚುಚ್ಚಿ ನೋಡಿದ್ದ. ಚುಚ್ಚಿದ ಗೆಡ್ಡೆಗಳು ಎಷ್ಟೋ ಸಲ ಕರಗಿದವು, ದೂರದವು ಕರಗಲಿಲ್ಲ.

ರೋಗನಿರೋಧಕ ಕೋಶಗಳಿಗೆ ದೇಹವೇ ಹಾಕಿರುವ ಬಿರಿಗಳಿವೆ ಎಂಬುದು ಮುಂದಿನ ಶೋಧ. ಅವು ಇಲ್ಲದಿದ್ದರೆ ನಮ್ಮ ಸೈನ್ಯ ನಮ್ಮ ಮೇಲೆಯೇ ಬೀಳುತ್ತದೆ. ಕ್ಯಾನ್ಸರ್ ಆ ಬಿರಿಗಳ ಮರೆಯಲ್ಲಿ ಬದುಕುತ್ತದೆ. ಬಿರಿಯನ್ನು ಸಡಿಲಿಸುವ ಪ್ರತಿಕಾಯಗಳನ್ನು ತಯಾರಿಸಬಹುದೆಂದು ತೋರಿಸಿದ ಅಮೆರಿಕದ ಜೇಮ್ಸ್ ಆಲಿಸನ್ ಮತ್ತು ಜಪಾನಿನ ತಸುಕು ಹೊಂಜೊ 2018ರ ನೊಬೆಲ್ ಪ್ರಶಸ್ತಿ ಹಂಚಿಕೊಂಡರು. ಅಂಥ ಮೊದಲ ಔಷಧ ಇಪಿಲಿಮುಮ್ಯಾಬ್ 2011ರಲ್ಲಿ ಮೆಲನೋಮಾಕ್ಕೇ ಒಪ್ಪಿಗೆ ಪಡೆಯಿತು. 2014ರಲ್ಲಿ ಪೆಂಬ್ರೊಲಿಜುಮ್ಯಾಬ್, ನಿವೊಲುಮ್ಯಾಬ್ ಬಂದವು. ಮಾಜಿ ಅಧ್ಯಕ್ಷ ಜಿಮ್ಮಿ ಕಾರ್ಟರ್ ತಮ್ಮ ಯಕೃತ್ತು ಮತ್ತು ಮೆದುಳಿಗೆ ಮೆಲನೋಮಾ ಹರಡಿದೆ ಎಂದು 2015ರ ಆಗಸ್ಟ್‌ನಲ್ಲಿ ಪ್ರಕಟಿಸಿದಾಗ ಅವರಿಗೆ ತೊಂಬತ್ತು ವರ್ಷ. ಶಸ್ತ್ರಚಿಕಿತ್ಸೆ, ವಿಕಿರಣ ಮತ್ತು ಪೆಂಬ್ರೊಲಿಜುಮ್ಯಾಬ್ ಪಡೆದ ಅವರು ತೀರಿಕೊಂಡದ್ದು 2024ರ ಡಿಸೆಂಬರಿನಲ್ಲಿ, ನೂರು ತುಂಬಿದ ಮೇಲೆ. ಇಪಿಲಿಮುಮ್ಯಾಬ್ ಮತ್ತು ನಿವೊಲುಮ್ಯಾಬ್ ಎರಡನ್ನೂ ಪಡೆದ, ರೋಗ ಮುಂದುವರಿದಿದ್ದವರಲ್ಲಿ ನೂರಕ್ಕೆ 43 ಮಂದಿ ಹತ್ತು ವರ್ಷಗಳ ನಂತರವೂ ಬದುಕಿದ್ದರೆಂದು 2024ರಲ್ಲಿ ವರದಿಯಾಯಿತು. ಹಿಂದಿನ ವೈದ್ಯರು ಹೀಗೆ ಕನಸೂ ಕಂಡಿರಲಿಲ್ಲ.

ಇಲ್ಲಿ ಒಂದು ಸ್ವಾರಸ್ಯದ ಸಂಗತಿಯಿದೆ. ಈ ಔಷಧ ಪಡೆದ ಕೆಲವರ ಚರ್ಮದಲ್ಲಿ ಬಿಳಿ ಮಚ್ಚೆಗಳು, ಅಂದರೆ ತೊನ್ನು, ಕಾಣಿಸಿಕೊಳ್ಳುತ್ತದೆ. ಬಿರಿ ಸಡಿಲಾದ ಕಾವಲುಪಡೆ ಕ್ಯಾನ್ಸರ್ ಕೋಶಗಳ ಜೊತೆಗೆ ಬಣ್ಣದ ಆರೋಗ್ಯವಂತ ಕೋಶಗಳನ್ನೂ ಹೊಡೆಯುವುದೇ ಕಾರಣ. ತೊನ್ನು ಬಂದವರು ಬಾರದವರಿಗಿಂತ ಹೆಚ್ಚು ಕಾಲ ಬದುಕುತ್ತಾರೆ ಎಂದು ಅಧ್ಯಯನಗಳು ಹೇಳುತ್ತವೆ. ಹೆಣ್ಣು ನೋಡುವ ಶಾಸ್ತ್ರದಲ್ಲಿ ತೊನ್ನನ್ನು ಬಚ್ಚಿಡುವ ನಾಡಿನಲ್ಲಿ, ಅದೇ ಬಿಳಿ ಕಲೆಯನ್ನು ವೈದ್ಯರು ಶುಭಸೂಚನೆಯೆಂದು ನೋಡುವ ಸಂದರ್ಭ ಇದೊಂದೇ ಇರಬೇಕು.

ಕರ್ನಾಟಕದಲ್ಲಿ ಕ್ಯಾನ್ಸರ್ ಚಿಕಿತ್ಸೆಯ ಕಥೆಯನ್ನು ಹೊಸೂರು ರಸ್ತೆಯೊಂದರ ಮೇಲೆಯೇ ಓದಬಹುದು. ರಸ್ತೆಯ ನಗರದ ತುದಿಯಲ್ಲಿ ಕಿದ್ವಾಯಿ ಸ್ಮಾರಕ ಗಂಥಿ ಸಂಸ್ಥೆ 1973ರಲ್ಲಿ ಆರಂಭವಾಯಿತು. ದೇಶದ ಮೊದಲ ಕ್ಯಾನ್ಸರ್ ನೋಂದಣಿಗಳಲ್ಲೊಂದು 1982ರಲ್ಲಿ ಅಲ್ಲಿಂದಲೇ ಬೆಂಗಳೂರಿನ ಲೆಕ್ಕ ಇಡತೊಡಗಿತು. ಮೆಲನೋಮಾ ಇಲ್ಲಿ ಎಷ್ಟು ವಿರಳ ಎಂದು ಹೇಳಲು ಸಾಧ್ಯವಾದದ್ದು ಇಂಥ ನೋಂದಣಿಗಳಿಂದ. ಅದೇ ರಸ್ತೆಯಲ್ಲಿ ದಕ್ಷಿಣಕ್ಕೆ ಸಾಗಿ ಆನೇಕಲ್ ತಾಲ್ಲೂಕು ಹೊಕ್ಕರೆ ಬೊಮ್ಮಸಂದ್ರ. ಅಲ್ಲಿನ ನಾರಾಯಣ ಹೃದಯಾಲಯದ ಆವರಣದಲ್ಲಿ ಮಜುಂದಾರ್ ಷಾ ಕ್ಯಾನ್ಸರ್ ಆಸ್ಪತ್ರೆ 2009ರಲ್ಲಿ ತೆರೆಯಿತು. 1978ರಲ್ಲಿ ಪರಂಗಿ ಹಣ್ಣಿನ ಕಿಣ್ವ ತೆಗೆಯುವ ಸಣ್ಣ ಉದ್ಯಮವಾಗಿ ಹುಟ್ಟಿದ ಬಯೋಕಾನ್ 2006ರಲ್ಲಿ ತಲೆ ಮತ್ತು ಕುತ್ತಿಗೆಯ ಕ್ಯಾನ್ಸರಿಗೆ ಪ್ರತಿಕಾಯದ ಔಷಧವೊಂದನ್ನು, ಕ್ಯೂಬಾದ ವಿಜ್ಞಾನಿಗಳ ಸಹಯೋಗದಲ್ಲಿ, ಮಾರುಕಟ್ಟೆಗೆ ತಂದಿತು. ಅದರ ಅಂಗಸಂಸ್ಥೆ ಸಿಂಜೀನ್‌ನಲ್ಲಿ ಬ್ರಿಸ್ಟಲ್ ಮೈಯರ್ಸ್ ಸ್ಕ್ವಿಬ್ ಕಂಪನಿಗಾಗಿಯೇ ಒಂದು ಸಂಶೋಧನಾ ಕೇಂದ್ರ 2009ರಿಂದ ಕೆಲಸ ಮಾಡುತ್ತಿದೆ. ಇಪಿಲಿಮುಮ್ಯಾಬ್, ನಿವೊಲುಮ್ಯಾಬ್ ಎರಡನ್ನೂ ಅಮೆರಿಕದ ಮಾರುಕಟ್ಟೆಗೆ ತಂದದ್ದು ಆ ಕಂಪನಿಯೇ. ಆ ಔಷಧಗಳು ಇಲ್ಲಿ ಹುಟ್ಟಿದವಲ್ಲ. ಆದರೆ ಅಂಥ ಔಷಧಗಳ ಮಾತು ದಿನನಿತ್ಯ ನಡೆಯುವ ಕಟ್ಟಡಗಳು ರಾಗಿ ಹೊಲದಿಂದ ಕಾಣಿಸುವಷ್ಟು ಹತ್ತಿರದಲ್ಲಿವೆ.

ಹತ್ತಿರವಿದ್ದರೂ ಕೈಗೆಟುಕುವುದು ಬೇರೆ ಮಾತು. ಈ ಔಷಧಗಳು ಭಾರತಕ್ಕೆ ಬಂದ ಮೊದಲ ವರ್ಷಗಳಲ್ಲಿ ಒಂದು ಸಲದ ಚುಚ್ಚುಮದ್ದಿಗೆ ಲಕ್ಷಕ್ಕೂ ಮೀರಿ ಬೆಲೆ ಇತ್ತು, ಎರಡು ಮೂರು ವಾರಕ್ಕೊಮ್ಮೆ ಅದನ್ನು ತೆಗೆದುಕೊಳ್ಳಬೇಕು. ಮುಂಬಯಿಯ ಟಾಟಾ ಸ್ಮಾರಕ ಆಸ್ಪತ್ರೆಯ ವೈದ್ಯರು ನಿವೊಲುಮ್ಯಾಬನ್ನು ವಾಡಿಕೆಯ ಹತ್ತನೆಯ ಒಂದು ಭಾಗಕ್ಕಿಂತಲೂ ಕಡಿಮೆ, ಅಂದರೆ 20 ಮಿಲಿಗ್ರಾಂನಷ್ಟು ಮಾತ್ರ ಕೊಟ್ಟು, ತಲೆ ಮತ್ತು ಕುತ್ತಿಗೆಯ ಕ್ಯಾನ್ಸರಿನಲ್ಲಿ ಪ್ರಯೋಜನ ಕಂಡರು. 2022ರಲ್ಲಿ ಪ್ರಕಟವಾದ ಆ ಪ್ರಯೋಗ ಬಡದೇಶಗಳ ವೈದ್ಯರ ಗಮನ ಸೆಳೆಯಿತು. ಮೆಲನೋಮಾಕ್ಕೆ ಅದನ್ನು ಹಾಗೆಯೇ ಅನ್ವಯಿಸುವಂತಿಲ್ಲ. ಇನ್ನೊಂದು ತೊಡಕು ರೋಗದ ಬಗೆಯದು. ಬಿಳಿಯರ ಚರ್ಮದ ಮೆಲನೋಮಾಗಳಲ್ಲಿ ಅರ್ಧದಷ್ಟರಲ್ಲಿ ಬಿರಾಫ್ ಎಂಬ ವಂಶವಾಹಿ ಕೆಟ್ಟಿರುತ್ತದೆ, ಅದಕ್ಕೆ ಗುರಿಯಿಟ್ಟ ಮಾತ್ರೆಗಳಿವೆ. ಅಂಗಾಲಿನ ಬಗೆಯಲ್ಲಿ ಆ ದೋಷ ಕಡಿಮೆ. ಕಿಟ್ ಎಂಬ ಬೇರೆ ವಂಶವಾಹಿಯ ದೋಷ ಕೆಲವರಲ್ಲಿ ಸಿಗುತ್ತದೆ. ಬಿರಿ ಸಡಿಲಿಸುವ ಔಷಧಗಳಿಗೂ ಅಂಗಾಲಿನ ಮೆಲನೋಮಾ ಅಷ್ಟಾಗಿ ಬಗ್ಗುವುದಿಲ್ಲ. ಬಿಸಿಲಿಗೆ ಸಿಕ್ಕ ಚರ್ಮದ ಗೆಡ್ಡೆಯಲ್ಲಿ ವಂಶವಾಹಿ ದೋಷಗಳು ರಾಶಿರಾಶಿಯಾಗಿದ್ದು ಕಾವಲುಪಡೆಗೆ ಗುರುತು ಹಿಡಿಯುವುದು ಸುಲಭ. ಬಿಸಿಲು ಕಾಣದ ಅಂಗಾಲಿನ ಗೆಡ್ಡೆಯಲ್ಲಿ ಅವು ವಿರಳ. ಹೀಗಾಗಿ ಹೊಸ ಯುಗದ ಔಷಧಗಳ ಲಾಭ ಎಲ್ಲರಿಗಿಂತ ಕಡಿಮೆ ದೊರೆಯುವುದು ಅವು ಎಟುಕದ ಜನರಿಗೇ.

ಅವರ ಪಾಲಿಗೆ ಇಂದಿಗೂ ಹೆಚ್ಚು ಭರವಸೆಯ ಚಿಕಿತ್ಸೆ ನಾರಿಸನ ಕಾಲದ್ದೇ: ಬೇಗ ಕಂಡು ಕೊಯ್ದು ತೆಗೆಯುವುದು. ಬೆಳೆಯುತ್ತಿರುವ, ಅಂಚು ಅಂಕುಡೊಂಕಾದ, ಒಂದೇ ಕಲೆಯಲ್ಲಿ ಎರಡು ಮೂರು ಬಣ್ಣ ಕಾಣುವ ಮಚ್ಚೆ, ಉಗುರಿನುದ್ದಕ್ಕೂ ಅಗಲವಾಗುತ್ತಿರುವ ಕಪ್ಪು ಗೆರೆ, ತಿಂಗಳುಗಳಾದರೂ ಮಾಯದ ಅಂಗಾಲಿನ ಹುಣ್ಣು ಇವು ವೈದ್ಯರು ನೋಡಬೇಕಾದವು. ಕೆಲವೊಮ್ಮೆ ಈ ಗೆಡ್ಡೆ ಕಪ್ಪಾಗಿರದೆ ನಸುಗೆಂಪಾಗಿದ್ದು ಇನ್ನಷ್ಟು ಮೋಸ ಮಾಡುತ್ತದೆ. ಸಂಶಯದ ಕಲೆಯನ್ನು ಸುಡುವುದು, ಔಷಧ ಹಚ್ಚಿ ಕರಗಿಸುವುದು, ಹೆರೆದು ಎಸೆಯುವುದು ತಪ್ಪು. ಸುಟ್ಟುಹೋದದ್ದರ ದಪ್ಪವನ್ನು ಅಳೆಯಲು ಯಾರಿಗೂ ಬರುವುದಿಲ್ಲ. ಸಾಧ್ಯವಾದರೆ ಕಲೆಯನ್ನು ಪೂರ್ತಿಯಾಗಿ ತೆಗೆದು ಪ್ರಯೋಗಶಾಲೆಗೆ ಕಳಿಸಬೇಕು. ಅಲ್ಲಿಂದ ಬರುವ ವರದಿಯಲ್ಲಿ ಬ್ರೆಸ್ಲೊ ಎಂಬ ಹೆಸರಿನ ಮುಂದೆ ಮಿಲಿಮೀಟರಿನಲ್ಲಿ ಒಂದು ಅಂಕಿ ಇರುತ್ತದೆ. ಕೊಯ್ಯಬೇಕಾದ ಅಂಚು ಎಷ್ಟು, ತೊಡೆಸಂದಿನ ಗ್ರಂಥಿಯನ್ನು ನೋಡಬೇಕೇ ಬೇಡವೇ, ಬೊಮ್ಮಸಂದ್ರಕ್ಕೋ ಕಿದ್ವಾಯಿಗೋ ಎಷ್ಟು ಸಲ ಅಲೆಯಬೇಕು ಎಂಬುದೆಲ್ಲ ಆ ಅಂಕಿಯಿಂದ ಶುರುವಾಗುತ್ತದೆ.